ಮುಳ್ಳಣ್ಣನ ಮೂಗಿನ ಮೇಲೆ ಬಾತುಕೋಳಿ

ಬಾತುಕೋಳಿ ಮುಳ್ಳಣ್ಣನ ಎಡಗಿವಿಯಿಂದ ಹೊರಟು, ಮೂಗು ಹತ್ತಿ, ಬಲಗಿವಿಯ ಹತ್ತಿರ ಇಳಿದು ಮಾಯವಾಯಿತು. ಹೋಗುವಾಗ ಒಂದು ಸಲ "ಕ್ವಾಕ್" ಎಂದಿತು.

ಇದು ನಡೆದದ್ದು ಫೋನಿನ ಪರದೆಯ ಮೇಲೆ, ಬೆಳಿಗ್ಗೆ ಹತ್ತು ಗಂಟೆಗೆ. ಮುಳ್ಳಣ್ಣ ತನ್ನ ಚಾನೆಲ್‌ನಲ್ಲಿ ಲೈವ್ ಹೋಗಿ, ಸಂಜೆಯ ಪರೀಕ್ಷೆಗೆ ಒಂದು ರಿಹರ್ಸಲ್ ಮಾಡಿಕೊಳ್ಳುತ್ತಿದ್ದ.

ಮುಳ್ಳಣ್ಣ ಗಡಿಯಾರ ರಿಪೇರಿಯವನು. ಕಡ್ಡಿಯಂಥ ಮೈ, ಕೂತಲ್ಲಿ ಕೂರದ ಸ್ವಭಾವ. ಸೆಕೆಂಡಿನ ಮುಳ್ಳಿಗೆ ಅಂಗಿ ತೊಡಿಸಿದ ಹಾಗಿದ್ದಾನೆ ಅಂತ ಬೀದಿಯವರೇ ಇಟ್ಟ ಹೆಸರು ಅದು. ಅವನ ಅಂಗಡಿ ಇರುವುದು ಮೂರು ಅಂತಸ್ತಿನ ಕಟ್ಟಡದ ಮೆಟ್ಟಿಲ ಕೆಳಗೆ. ಮೇಲಿನವರು ಯಾರಾದರೂ ದಡದಡ ಇಳಿದರೆ ಸಾಕು, ತಲೆ ಮೇಲೆ ಸುಣ್ಣ ಉದುರುತ್ತದೆ. ಇಪ್ಪತ್ತೆರಡು ವರ್ಷ ಹೀಗೆ ಸುಣ್ಣ ಹೊತ್ತವನಿಗೆ ಇವತ್ತು ಒಂದು ದಾರಿ ತೆರೆದಿತ್ತು. ಗಡಿಯಾರ ರಿಪೇರಿ ಕಲಿಸುವ ಶಾಲೆಯೊಂದಕ್ಕೆ ಮೇಷ್ಟ್ರು ಬೇಕಾಗಿದ್ದರು. ಸಮಿತಿಯ ಮೂವರು ಹಿರಿಯರು ಅವರವರ ಮನೆಯಲ್ಲೇ ಕೂತು ಸಂಜೆ ಐದಕ್ಕೆ ಮುಳ್ಳಣ್ಣನ ಲೈವ್ ನೋಡುತ್ತಾರೆ. ಅರ್ಧ ಗಂಟೆಯೊಳಗೆ ಕೆಟ್ಟ ಗಡಿಯಾರವೊಂದನ್ನು ಬಿಚ್ಚಿ, ಸರಿಮಾಡಿ, ಓಡಿಸಿ ತೋರಿಸಬೇಕು. ಪಾಸಾದರೆ ಕಿಟಕಿ ಇರುವ ಕೋಣೆ, ಅಗಲವಾದ ಮೇಜು, "ಸರ್" ಅನ್ನುವ ವಿದ್ಯಾರ್ಥಿಗಳು.

ಅಂಥ ದಿನ ಮೂಗಿನ ಮೇಲೆ ಬಾತುಕೋಳಿ! ಮುಳ್ಳಣ್ಣ ತಕ್ಷಣ ಭಾಮೈದನಿಗೆ ಫೋನ್ ಹಚ್ಚಿದ. ಚಾನೆಲ್ ಮಾಡಿಕೊಟ್ಟ ಪುಣ್ಯಾತ್ಮ ಅವನೇ.

"ಏನೋ ಇದು? ನನ್ ಮೂಗಿನ ಮೇಲೆ ಬಾತುಕೋಳಿ ಓಡಾಡ್ತಿದೆ!"

"ಓ, ಬಂತಾ? ಸೂಪರ್ ಭಾವ! ಅದು ಗೇಮ್ ಎಕ್ಸ್‌ಟೆನ್ಷನ್. ನಿನ್ನೆ ನಾನೇ ಹಾಕ್ದೆ. ನೋಡೋರು ಅವ್ರ ಫೋನಲ್ಲಿ ಬಟನ್ ಒತ್ತಿದ್ರೆ ಲೈವ್ ಮೇಲೆ ಬಾತುಕೋಳಿ ಓಡುತ್ತೆ. ಯಾರು ಜಾಸ್ತಿ ಓಡಿಸ್ತಾರೋ ಅವ್ರು ಗೆದ್ದಂಗೆ. ಇನ್ನೊಂದು ಕೇಕ್ ಎಸೆಯೋದು. ಒತ್ತಿದ್ರೆ ಪಚಕ್ ಅಂತ ನಿಮ್ ಮುಖಕ್ಕೆ..."

"ನನ್ ಮುಖಕ್ಕೆ ಕೇಕಾ?"

"ಸುಮ್ನೆ ಗಡಿಯಾರ ಬಿಚ್ಚೋದನ್ನ ಯಾರ್ ನೋಡ್ತಾರೆ ಭಾವ? ನಿಮ್ ಚಾನೆಲ್‌ಗೆ ಇರೋರೇ ಹನ್ನೊಂದು ಜನ. ಅದ್ರಲ್ಲಿ ನಾನೂ ಅಕ್ಕನೂ ಸೇರಿ ಇಬ್ರು."

"ಸಂಜೆ ಐದಕ್ಕೆ ನನ್ ಪರೀಕ್ಷೆ ಕಣೋ! ಈಗ್ಲೇ ತೆಗಿ ಅದನ್ನ!"

"ಕೆಲ್ಸದಲ್ಲಿದೀನಿ ಭಾವ, ಸಾಹೇಬ್ರು ನನ್ನೇ ನೋಡ್ತಿದಾರೆ. ನೀವೇ ಸೆಟ್ಟಿಂಗ್ಸ್‌ಗೆ ಹೋಗಿ, ಅಲ್ಲಿ ಎಕ್ಸ್‌ಟೆನ್ಷನ್ಸ್ ಅಂತ ಇರುತ್ತೆ..." ಫೋನ್ ಕಟ್.

ಮುಳ್ಳಣ್ಣ ಅಂಗಿಯ ತೋಳು ಮಡಚಿದ. ಸಾಸಿವೆಗಿಂತ ಸಣ್ಣ ಸ್ಕ್ರೂ ತೆಗೆದ ಕೈ ಇದು, ಒಂದು ಕೋಳಿ ತೆಗೆಯಲು ಬಾರದೇ? ಐದು ಗಂಟೆಯೊಳಗೆ ಈ ಚಾನೆಲ್ ಮೇಲೆ ಒಂದು ರೆಕ್ಕೆಪುಕ್ಕವೂ ಉಳಿಯಬಾರದು ಅಂತ ಮನಸ್ಸಿನಲ್ಲೇ ಶಪಥ ಮಾಡಿದ.

ಭಾಮೈದ ಹೇಳಿದ ಜಾಗ ಸಿಕ್ಕಿತು. ಎರಡು ಆಟ, ಎರಡರ ಮುಂದೂ ಹಸಿರು ಗುಂಡಿ. ಎರಡನ್ನೂ ಆಫ್ ಮಾಡಿದ. ಬೂದು ಬಣ್ಣಕ್ಕೆ ತಿರುಗಿದವು. "ಇಷ್ಟೇ ತಾನೆ?" ಎಂದು ಮತ್ತೆ ಲೈವ್ ಶುರು ಮಾಡಿದ. ಎಡಗಿವಿಯಿಂದ ಬಾತುಕೋಳಿ ಹೊರಟಿತು.

ಆಮೇಲೆ ತಿಳಿಯಿತು, ಗುಂಡಿ ಆಫ್ ಮಾಡಿದ್ದು ಆ ಒಂದು ಲೈವ್‌ಗೆ ಮಾತ್ರ. ಹೊಸ ಲೈವ್ ಶುರುವಾದ ಕೂಡಲೇ ಎರಡೂ ತಾವಾಗಿಯೇ ಹಸಿರಾಗುತ್ತವೆ. ಬಾಗಿಲಿಂದ ಓಡಿಸಿದ ಬೆಕ್ಕು ಕಿಟಕಿಯಿಂದ ಬಂದ ಹಾಗೆ.

ಅಷ್ಟರಲ್ಲಿ ಎದುರಿನ ಕಟಿಂಗ್ ಶಾಪಿನವನು ಕೈಗೆ ನೊರೆ ಮೆತ್ತಿಕೊಂಡೇ ರಸ್ತೆ ದಾಟಿ ಬಂದ.

"ಮುಳ್ಳಣ್ಣಾ, ಮಧ್ಯದಲ್ಲಿ ಕೋಳಿ ಯಾಕ್ ನಿಲ್ಸಿದ್ರಿ? ನಾನೂ ಗಿರಾಕಿನೂ ಪಂದ್ಯ ಕಟ್ಟಿದೀವಿ. ಅರ್ಧ ಗಡ್ಡದಲ್ಲಿ ಕೂತು ಕಾಯ್ತಿದಾನೆ ಪಾಪ."

"ಅಂದ್ರೆ ಬೆಳಿಗ್ಗೆಯಿಂದ ಒತ್ತುತ್ತಿರೋದು ನೀನೇನಾ?"

"ಹನ್ನೆರಡು ನಂದು, ಒಂಬತ್ತು ಅವಂದು."

ಪರೀಕ್ಷೆಯ ವಿಷಯ ಹೇಳಿದ ಮೇಲೆ ಕಟಿಂಗ್ ಶಾಪಿನವನ ಮುಖ ಗಂಭೀರವಾಯಿತು. "ಮೊದ್ಲೇ ಹೇಳ್ಬಾರ್ದಾ? ಕೊಡಿ ಇಲ್ಲಿ. ತೆಗೆಯೋದೇ ನನ್ ಕಸುಬು," ಎಂದು ಫೋನ್ ಕಿತ್ತುಕೊಂಡ. ನೊರೆ ಮೆತ್ತಿದ ಹೆಬ್ಬೆರಳು ಪರದೆಯ ಮೇಲೆ ಐಸಿನ ಮೇಲೆ ಎಮ್ಮೆ ಜಾರಿದಂತೆ ಜಾರಿತು. "ಸೇರಿಸು" ಎಂಬಲ್ಲಿ ಹೋಗಿ ನಿಂತಿತು. ಫೋನ್ "ಪೀಪೀ!" ಎಂದು ಸೀಟಿ ಹೊಡೆಯಿತು. ಆಟಗಳು ಈಗ ಮೂರು.

"ಇದು ರೆಫ್ರಿ ಸೀಟಿ ಕಣಣ್ಣಾ. ಕೇಕಿಗಿಂತ ವಾಸಿ," ಎಂದು ಸಮಾಧಾನ ಹೇಳಿ ಅವನು ಅರ್ಧ ಗಡ್ಡದ ಕಡೆ ಓಡಿದ.

ಸೀಟಿ ಕೇಳಿ ಪಕ್ಕದ ಜೆರಾಕ್ಸ್ ಅಕ್ಕ ಬಂದಳು. ಬೀದಿಯಲ್ಲಿ ಯಾರ ಯಂತ್ರ ಕೆಟ್ಟರೂ ಅವಳ ಸಲಹೆ ಪುಕ್ಕಟೆ.

"ನೀವು ತೆಗೆಯೋಕೆ ಹೋಗಿದ್ದೇ ತಪ್ಪು," ಎಂದಳು. "ನನ್ ಮೆಷಿನ್ ನೋಡಿಲ್ವಾ? ಪೇಪರ್ ಸಿಕ್ಕಾಕ್ಕೊಂಡ್ರೆ ಎಳೀಬಾರ್ದು. ಹಿಂದಿಂದ ಹೊಸದು ತುಂಬಬೇಕು. ಹಳೇದು ತಾನಾಗಿ ಆಚೆ ಬರುತ್ತೆ."

"ಅಕ್ಕಾ, ಇದು ಪೇಪರ್ ಅಲ್ಲ..."

"ಎಲ್ಲಾ ಮೆಷಿನ್ನೂ ಒಂದೇ ರೀ. ಸುಮ್ನಿರಿ ನೀವು."

ಅವಳು ಬಲೂನ್ ಒಡೆಯುವ ಆಟ ತುಂಬಿದಳು. ಹಳೆಯದು ಆಚೆ ಬರಲಿಲ್ಲ. ಚಪ್ಪಾಳೆ ತಟ್ಟುವ ಕೋತಿಯನ್ನು ತುಂಬಿದಳು. ಹಳೆಯದು ಜಾಗ ಬಿಟ್ಟು ಕದಲಲಿಲ್ಲ. ಕೊನೆಗೆ, "ಇನ್ನೊಂದು ಜೋರಾಗಿ ತಳ್ಳೋಣ" ಎಂದು ಇಡೀ ಪರದೆ ಅಡ್ಡಡ್ಡ ಹಾಯುವ ರೈಲನ್ನೇ ಬಿಟ್ಟಳು. ಅಷ್ಟರಲ್ಲಿ ಅವಳ ಅಂಗಡಿ ಮುಂದೆ ಯಾರೋ "ಎರಡು ಕಾಪಿ ಅಕ್ಕಾ" ಎಂದರು. "ಸ್ವಲ್ಪ ಹೊತ್ತು ಬಿಡಿ, ತಾನಾಗಿ ಬರುತ್ತೆ" ಎಂದು ಹೊರಟೇಹೋದಳು.

ಎರಡಿದ್ದದ್ದು ಆರಾಯಿತು. ಗಂಟೆ ಮೂರಾಯಿತು.

ಮುಳ್ಳಣ್ಣ ಎದ್ದು ಶಟರನ್ನು ಅರ್ಧಕ್ಕೆ ಎಳೆದ. ಯಾರ ಬುದ್ಧಿಯೂ ಬೇಡ, ಇನ್ನು ತನ್ನ ಕಸುಬಿನ ದಾರಿಯೇ ದಾರಿ. ಗಡಿಯಾರ ಬಿಚ್ಚುವಾಗ ಅವನು ತೆಗೆದ ಒಂದೊಂದು ಭಾಗವನ್ನೂ ಚೀಟಿಯಲ್ಲಿ ಸರಣಿಯಾಗಿ ಬರೆಯುತ್ತಾನೆ. ಹಾಗೆಯೇ ಒಂದು ಚೀಟಿ ತೆಗೆದು, ಭೂತಗನ್ನಡಿಯನ್ನು ಕಣ್ಣಿಗೆ ಸಿಕ್ಕಿಸಿಕೊಂಡು, ಫೋನನ್ನು ವಾಚಿನಂತೆ ಮೇಜಿನ ಮೇಲೆ ಮಲಗಿಸಿದ. ಮುಟ್ಟದ ಜಾಗ ಉಳಿಸಲಿಲ್ಲ. ಒಂದು ಸಲ ಪರದೆಯೆಲ್ಲ ಅರ್ಥವಾಗದ ಭಾಷೆಗೆ ತಿರುಗಿತು. ಅದರಿಂದ ಹೊರಗೆ ಬರಲು ಇಪ್ಪತ್ತು ನಿಮಿಷ. ಇನ್ನೊಂದು ಸಲ ಚಾನೆಲ್‌ನ ಹೆಸರೇ ಅಳಿಸಿಹೋಗಿ ಮತ್ತೆ ಬರೆಯಬೇಕಾಯಿತು. ಬೆವರು ಒರೆಸಿಕೊಂಡನೇ ಹೊರತು ಮೇಲೇಳಲಿಲ್ಲ.

ಕೊನೆಗೆ ಆಟದ ಹೆಸರಿನ ಪಕ್ಕ ಇರುವೆಯ ಕಣ್ಣಿನಷ್ಟು ಸಣ್ಣ ಮೂರು ಚುಕ್ಕಿ ಕಂಡವು. ಒತ್ತಿದ. ತಳದಲ್ಲಿ ಒಂದು ಮಾತಿತ್ತು: "ಪೂರ್ತಿ ತೆಗೆದುಹಾಕಿ."

"ನಿಜವಾಗಿ ತೆಗೆಯಬೇಕೇ?" ಎಂದು ಫೋನ್ ಕೇಳಿತು.

"ಹೂಂ."

"ಖಚಿತವೇ?"

"ಹೂಂ ಅಂದ್ನಲ್ಲಪ್ಪಾ, ಹೆಣ್ಣು ಕೇಳೋಕೆ ಬಂದೋರ ಥರ ಎಷ್ಟು ಸಲ ಕೇಳ್ತೀಯ!"

ಬಾತುಕೋಳಿ ಹೋಯಿತು. ಚೀಟಿಯಲ್ಲಿ ಬರೆದ. ಕೇಕ್ ಹೋಯಿತು, ಬರೆದ. ಸೀಟಿ, ಬಲೂನ್, ಕೋತಿ, ರೈಲು. ನಾಲ್ಕೂ ಇಪ್ಪತ್ತಕ್ಕೆ ಪುಟ ಖಾಲಿ, ಬೋಳಿಸಿದ ಗಲ್ಲದಂತೆ ನುಣ್ಣಗೆ. ಒಮ್ಮೆ ಲೈವ್ ಹಾಕಿ ನೋಡಿದ. ಒಂದು ನೊಣವೂ ಇಲ್ಲ. ಚೀಟಿಯನ್ನು ಫೋನಿನ ಕೆಳಗಿಟ್ಟು, ಮುಖ ತೊಳೆದು ಒಗೆದ ಅಂಗಿ ಹಾಕಿಕೊಂಡು ಬರಲು ಹಿಂದಿನ ಬೀದಿಯ ಮನೆಗೆ ಹೋದ.

ಅವನು ಆ ದಾರಿಯಲ್ಲಿ ಹೋದ, ಹೆಂಡತಿ ಈ ದಾರಿಯಲ್ಲಿ ಬಂದಳು.

ಅಂಗಡಿಯಲ್ಲಿ ಬಿಚ್ಚುವುದು ಗಂಡ, ತೊಳೆದು ಜೋಡಿಸುವುದು ಹೆಂಡತಿ. ಮದುವೆಯಾದಾಗಿನಿಂದ ಇದೇ ವಹಿವಾಟು. ಚೀಟಿ ನೋಡಿ ಕೆಳಗಿನಿಂದ ಮೇಲಕ್ಕೆ ಒಂದೊಂದಾಗಿ ಕೂರಿಸಿ, ಕೂರಿಸಿದ್ದಕ್ಕೆ ಗೀಟು ಹಾಕುತ್ತಾಳೆ. ಚೀಟಿಯಲ್ಲಿ ಒಂದೇ ಒಂದು ಸ್ಕ್ರೂ ಗೀಟಿಲ್ಲದೆ ಉಳಿದರೂ ಅವಳಿಗೆ ಊಟ ಸೇರುವುದಿಲ್ಲ.

ಫೋನಿನ ಕೆಳಗೆ ಚೀಟಿ ಕಂಡಿತು. ಆರು ಸಾಲು, ಒಂದಕ್ಕೂ ಗೀಟಿಲ್ಲ. ಪರದೆ ನೋಡಿದರೆ ಖಾಲಿ.

"ಅಯ್ಯೋ ನನ್ ರಾಯ್ರೇ! ಪರೀಕ್ಷೆ ಗಾಬರೀಲಿ ಬಿಚ್ಚಿಟ್ಟು ಹಂಗೇ ಹೋಗಿದಾರೆ," ಎಂದುಕೊಂಡಳು. ಆಟ ಹಾಕುವುದನ್ನು ತಮ್ಮ ನಿನ್ನೆ ತಾನೇ ಅವಳ ಮುಂದೆ ಮಾಡಿದ್ದ. ಒಮ್ಮೆ ನೋಡಿದ ಯಂತ್ರವನ್ನು ಮರೆಯುವ ಹೆಂಗಸಲ್ಲ ಅವಳು. ಮೊದಲು ರೈಲು ಕೂರಿಸಿದಳು. ಆಮೇಲೆ ಕೋತಿ, ಬಲೂನ್, ಸೀಟಿ, ಕೇಕ್. ಎಲ್ಲಕ್ಕಿಂತ ಕೊನೆಗೆ, ಜೋಪಾನವಾಗಿ, ಬಾತುಕೋಳಿ. ಆರು ಗೀಟು.

ಮುಳ್ಳಣ್ಣ ಓಡಿ ಬಂದಾಗ ಐದಕ್ಕೆ ಅರ್ಧ ನಿಮಿಷ. ಕೂತ, ಭೂತಗನ್ನಡಿ ಏರಿಸಿದ, ಲೈವ್ ಒತ್ತಿದ. ಮೂವರು ಹಿರಿಯರೂ ಬಂದು ಸೇರಿದ್ದು ಕಂಡಿತು.

"ನಮಸ್ಕಾರ. ಈಗ ಈ ಅಲಾರಾಂ ಗಡಿಯಾರ..."

"ರೀ," ಎಂದು ಪಕ್ಕದಿಂದ ಹೆಂಡತಿ ಪಿಸುಗುಟ್ಟಿದಳು, "ಆರಕ್ಕೆ ಆರೂ ಸರಿಯಾಗಿ ಕೂರ್ಸಿದೀನಿ. ನಿಶ್ಚಿಂತೆಯಿಂದ ಮಾಡಿ."

"ಏನು ಆರು?"

ಎಡಗಿವಿಯಿಂದ ಬಾತುಕೋಳಿ ಹೊರಟಿತು.

ಲೈವ್ ನಿಲ್ಲಿಸಿದರೆ ಪರೀಕ್ಷೆ ಅಲ್ಲಿಗೇ ಮುಗಿಯಿತು ಅಂತ ನಿಯಮವಿತ್ತು. ಮುಳ್ಳಣ್ಣ ಒಂದು ಕ್ಷಣ ಹೆಂಡತಿಯನ್ನು ನೋಡಿದ, ಒಂದು ಕ್ಷಣ ಮೇಲೆ ನೋಡಿದ. ಆಮೇಲೆ ಹಲ್ಲು ಕಚ್ಚಿ ಚಿಮಟ ಎತ್ತಿಕೊಂಡ. ಏನೇ ಬರಲಿ, ತಲೆ ಎತ್ತುವುದಿಲ್ಲ.

ಬಂದದ್ದು ಒಂದೆರಡಲ್ಲ. ಹಣೆಗೆ ಪಚಕ್ ಎಂದು ಕೇಕ್. ಅದರ ಮೇಲೆ ಸಾಲಾಗಿ ಏಳು ಬಾತುಕೋಳಿ. ರೆಫ್ರಿ ಸೀಟಿ. ಗಲ್ಲದ ಮೇಲೆ ಬಲೂನ್ ಢಬ್. ರೈಲು ಕೂಗುತ್ತಾ ಎಡದಿಂದ ಬಲಕ್ಕೆ ಹೋಯಿತು, ಅದರ ಮೇಲೆ ಕೋತಿ ಕೂತು ಚಪ್ಪಾಳೆ ತಟ್ಟಿತು. ಹೆಂಡತಿ ಸೆರಗು ಬಾಯಿಗೆ ಒತ್ತಿಕೊಂಡಳು. ಕಟಿಂಗ್ ಶಾಪಿನವನು ಶಟರ್ ಕೆಳಗಿಂದ ತಲೆ ತೂರಿಸಿ, "ಆಣೆಗೂ ಈಗ ನಾನಲ್ಲಣ್ಣಾ" ಎಂದ. ಜೆರಾಕ್ಸ್ ಅಕ್ಕ, "ನಾನೂ ಅಲ್ಲಪ್ಪಾ" ಎಂದಳು.

ಮುಳ್ಳಣ್ಣ ಯಾರನ್ನೂ ನೋಡಲಿಲ್ಲ. ಗೊಂಚಲು ಗೊಂಚಲಾಗಿ ಕ್ವಾಕ್ ಕ್ವಾಕ್ ಕೇಳುತ್ತಿದ್ದರೂ ಕೂದಲಿನಷ್ಟು ತೆಳ್ಳಗಿನ ಸ್ಪ್ರಿಂಗನ್ನು ಬಿಡಿಸಿ, ನೇರ ಮಾಡಿ, ಉಸಿರು ಹಿಡಿದು ಅದರ ಜಾಗದಲ್ಲಿ ಕೂರಿಸಿದ. ಇಪ್ಪತ್ತೆರಡು ವರ್ಷದಲ್ಲಿ ಇಷ್ಟು ಚೆಂದದ ಕೆಲಸ ಅವನು ಮಾಡಿರಲಿಲ್ಲ. ಐದೂ ಇಪ್ಪತ್ತಾರಕ್ಕೆ ಗಡಿಯಾರ ಟಿಕ್ ಎಂದಿತು. ಮತ್ತೆ ಟಿಕ್ ಎಂದಿತು. ಆಮೇಲೆ ಓಡತೊಡಗಿತು.

ಲೈವ್ ಮುಗಿಸಿದ. ಎರಡೇ ನಿಮಿಷಕ್ಕೆ ಫೋನ್ ಬಂತು. ಸಮಿತಿಯ ಅಧ್ಯಕ್ಷರು, ಎಪ್ಪತ್ತು ದಾಟಿದವರು. ಏದುಸಿರು ಬಿಡುತ್ತಿದ್ದರು.

"ಇವ್ರೇ, ಅದ್ಭುತ! ಇಂಥ ಪರೀಕ್ಷೆ ನಾವು ನೋಡೇ ಇಲ್ಲ. ನಿಮಗಿಂತ ಮುಂಚೆ ಮೂರು ಜನದ್ದು ನೋಡಿದ್ವಿ, ಬರೀ ತೂಕಡಿಕೆ."

ಮುಳ್ಳಣ್ಣನ ಕಣ್ಣು ತುಂಬಿತು. "ಹಾಗಾದ್ರೆ ಸರ್, ಆ ಸ್ಪ್ರಿಂಗ್ ಕೂರ್ಸಿದ್ದು ನಿಮಗೆ ಇಷ್ಟ ಆಯ್ತಾ?"



"ಅದೇ ಹೇಳೋಕೆ ಫೋನ್ ಮಾಡಿದ್ದು. ಸ್ಪ್ರಿಂಗ್ ಕೂತಿದ್ದು ಯಾವಾಗ?"

"ಸರ್?"

"ತಪ್ಪು ತಿಳ್ಕೋಬೇಡಿ. ಮೊದ್ಲು ಕಾರ್ಯದರ್ಶಿ ಸುಮ್ನೆ ಏನಿದು ಅಂತ ಒಂದು ಬಾತುಕೋಳಿ ಒತ್ತಿದ್ರು. ಅವ್ರು ಒತ್ತಿದ ಮೇಲೆ ನಾನು ಬಿಡೋಕಾಗುತ್ತಾ? ಆಮೇಲೆ ಕಣ್ಣು ಕೋಳಿ ಬಿಟ್ಟು ಈ ಕಡೆ ಬರ್ಲೇ ಇಲ್ಲ. ಕೊನೆಗೆ ಅವ್ರು ನಲವತ್ತೊಂದು, ನಾನು ಮೂವತ್ತೊಂಬತ್ತು."

"ಮೂರನೆಯವ್ರಾದ್ರೂ ಗಡಿಯಾರ ನೋಡಿದ್ರಾ ಸರ್?"

"ಅವ್ರು ಕೇಕ್ ಕಡೆ ಇದ್ರು."

ಮುಳ್ಳಣ್ಣ ಮೇಜು ಹಿಡಿದುಕೊಂಡ.

"ನೋಡದೆ ಮಾರ್ಕ್ಸ್ ಹಾಕೋಕಾಗಲ್ಲ ನೋಡಿ, ಧರ್ಮ ಅಲ್ಲ. ನಾಳೆ ಐದಕ್ಕೆ ಇನ್ನೊಂದು ಕೆಟ್ಟ ಗಡಿಯಾರ ಇಟ್ಕೊಂಡು ಮತ್ತೆ ಮಾಡಿ."

"ಖಂಡಿತ ಸರ್. ಇವತ್ತೇ ಕೂತು ಆ ಬಾತುಕೋಳಿಗಳನ್ನೆಲ್ಲ ತೆಗೆದು..."

"ಏಯ್, ಏನ್ ಹೇಳ್ತಿದೀರಿ! ಒಂದೂ ಅಲ್ಲಾಡಿಸ್ಬೇಡಿ. ಎರಡೇ ಎರಡರಲ್ಲಿ ಸೋತಿದೀನಿ ನಾನು."

ಫೋನ್ ಇಟ್ಟಾಯಿತು. ಶಟರಿನ ಕೆಳಗೆ ಈಗ ಬೀದಿಯವರ ನಾಲ್ಕು ತಲೆಗಳಿದ್ದವು.

"ಏನಂದ್ರು ರೀ?" ಎಂದಳು ಹೆಂಡತಿ.

"ಎಲ್ಲಾ ಹಂಗೇ ಇರ್ಲಿ ಅಂದ್ರು."

"ನೋಡಿದ್ರಾ? ನಾನು ಸಮಯಕ್ಕೆ ಬಂದು ಜೋಡಿಸ್ದೆ ಇದ್ದಿದ್ರೆ ನಿಮ್ ಗತಿ ಏನಾಗ್ತಿತ್ತು!" ಎಂದು ಅವಳು ಚೀಟಿಯನ್ನು ಮಡಚಿ ಡಬ್ಬಿಗೆ ಹಾಕಿದಳು.