ಮೌಸ್ ಎಳೆದು ತಂದ ಹೂಮಳೆ

ಇಡೀ ಮೂಡಿಗೆರೆ ತಾಲ್ಲೂಕು ಮಳೆ ಅಳೆಯುವ ರೀತಿಯನ್ನೇ ಬದಲಿಸಿಬಿಡುತ್ತೇನೆಂದು ನಾನು ಶಪಥ ಮಾಡಿದೆ! ನಮ್ಮ ಕಡೆ ನಾಲ್ಕು ಹನಿ ಬಿದ್ದರೆ ಸಾಕು, ಕಾಫಿ ಬೆಳೆಗಾರರೆಲ್ಲ ಫೋನ್ ಹಿಡಿದು "ನಿಮ್ಮಲ್ಲೆಷ್ಟು ಇಂಚು, ಎಷ್ಟು ಸೆಂಟ್ಸ್?" ಎಂದು ಶುರು ಮಾಡುತ್ತಾರೆ; ಇಂಚಿನ ನೂರರಲ್ಲೊಂದು ಪಾಲು ಒಂದು ಸೆಂಟ್. ಇನ್ನು ಆ ಕಷ್ಟವಿಲ್ಲ. ಗೋಣಿಬೀಡಿನ ಮಾವನ ತೋಟದಲ್ಲಿ ನನ್ನ ಯಂತ್ರ ತಾನೇ ಮಳೆ ಅಳೆದು, ತಾನೇ ಬೆಳೆಗಾರರ ವಾಟ್ಸಾಪ್ ಗ್ರೂಪಿಗೆ ಸುದ್ದಿ ಹಾಕುತ್ತದೆ!

"ಯಂತ್ರ ಎಲ್ರೀ?" ಎಂದಳು ಹೆಂಡತಿ ನಾಗಶ್ರೀ.

"ಲ್ಯಾಪ್‌ಟಾಪ್ ಒಳಗಿದೆ ಕಣೇ. ಇದು ಸಿಮ್ಯುಲೇಟರ್. ಚಿಪ್ಪು, ವೈರು ಕೊಳ್ಳೋ ಮುಂಚೆ ಸ್ಕ್ರೀನ್ ಮೇಲೇ ಜೋಡ್ಸಿ, ಪ್ರೋಗ್ರಾಂ ಓಡ್ಸಿ ನೋಡ್ಬಹುದು."

"ಮತ್ತೆ ಮಳೆ?"

"ಅದೂ ನಂದೇ!" ಎಂದು ಸ್ಕ್ರೀನಿನ ಮಳೆಮಾಪಕದ ಮೇಲೆ ಮೌಸ್ ಎಳೆದೆ. ಒಂದು ಇಂಚು ನಲವತ್ತು ಸೆಂಟ್ಸ್! ಹಸಿರು ದೀಪ ಮಿನುಗಿತು. ಸಾಕ್ಷಾತ್ ವರುಣದೇವ ನನ್ನ ಬೆರಳ ತುದಿಯಲ್ಲಿದ್ದ.

ಒಂದು ಮಾತ್ರ ಮರೆತಿದ್ದೆ. ಚಿಪ್ಪು ಸುಳ್ಳು, ವೈರು ಸುಳ್ಳು, ಮಳೆಯಂತೂ ಹಸಿ ಸುಳ್ಳು. ಆದರೆ ಇಂಟರ್‌ನೆಟ್ ಅಪ್ಪಟ ನಿಜ! ಪ್ರೋಗ್ರಾಮಿನಲ್ಲಿ ಗ್ರೂಪಿನ ಅಸಲಿ ವಿಳಾಸವನ್ನೇ ಬರೆದಿಟ್ಟಿದ್ದೆ.

ಹತ್ತೇ ನಿಮಿಷಕ್ಕೆ ಮಾವ ಓಂಕಾರಮೂರ್ತಿಯವರ ಫೋನ್. ಅವರು ಜಾವಳಿಯಲ್ಲಿ ಮದುವೆ ಊಟಕ್ಕೆ ಕೂತಿದ್ದರು.

"ಅಳಿಯಂದ್ರೇ, ನಮ್ಮ ತೋಟಕ್ಕೆ ಮೊಗ್ಗು ಅರಳ್ಸೋ ಹೂಮಳೆ ಬಂತಂತಲ್ಲ! ನಾಳೆಯಿಂದ ಪಾಲಿನ ಸ್ಪ್ರಿಂಕ್ಲರ್ ಸರದಿ ನಮ್ದಿತ್ತು. ಇನ್ಯಾಕೆ? ಪಂಪು, ಪೈಪು ನೀವೇ ಇಟ್ಕೊಳ್ಳಿ ಅಂತ ಪಕ್ಕದ ತೋಟದ ಧರ್ಮೇಶ್‌ಗೆ ಹೇಳ್ಬಿಟ್ಟೆ!"

ಮೊಗ್ಗು ಕಟ್ಟಿ ನಿಂತ ರೊಬಸ್ಟಾ ಕಾಫಿಗೆ ಈ ವಾರ ನೀರು ಬೀಳದಿದ್ದರೆ ಮಾವನ ವರ್ಷದ ಬೆಳೆಯೇ ಹೋಯಿತು!

"ಅಪ್ಪಂಗೆ ಈಗ್ಲೇ ನಿಜ ಹೇಳಿ!" ಎಂದಳು ನಾಗಶ್ರೀ.

"ಪಾಯಸ ಆದ್ರೂ ತಿನ್ಲಿ ಬಿಡೇ" ಎಂದವನೇ ಜೀಪ್ ಹತ್ತಿ ಧರ್ಮೇಶ್ ಮನೆಗೆ ಓಡಿದೆ.

"ನಿಮ್ಗೆ ಒಂದು ಇಂಚು ನಲವತ್ತು ಬಿದ್ದಿದೆ. ಬೇಲಿ ಈಚೆ ನಂಗೆ ಒಂದು ಹನಿ ಇಲ್ಲ. ಪಂಪ್ ನಿಮ್ಗ್ಯಾಕೆ ಮಾರಾಯ್ರೇ?" ಎಂದರು ಧರ್ಮೇಶ್.

"ಆ ಮಳೆ... ಲ್ಯಾಪ್‌ಟಾಪಲ್ಲಿ ಬಂದಿದ್ದು."

ಧರ್ಮೇಶ್ ಹೊಟ್ಟೆ ಹಿಡಿದುಕೊಂಡು ನಕ್ಕರು. ಆಮೇಲೆ ಕಣ್ಣೊರೆಸಿಕೊಂಡು, "ಧಾರಾಳವಾಗಿ ತಗೊಂಡ್ಹೋಗಿ. ಆದ್ರೆ ಆಳುಗಳೆಲ್ಲ ಅದೇ ಮದುವೆಗೆ ಹೋಗಿದ್ದಾರೆ. ಪೈಪ್ ಬಿಚ್ಚೋದು, ಹೊರೋದು ನೀವೇ!" ಎಂದರು.

ಸಂಜೆ ಮಾವ ಬಂದಾಗ ನಾನು ಹೆಗಲ ಮೇಲೆ ಪೈಪಿಟ್ಟುಕೊಂಡೇ ತಪ್ಪೊಪ್ಪಿಕೊಂಡೆ. ಅವರು ಬೈಯಲಿಲ್ಲ. ಗುಡ್ಡದ ತುದಿ ತೋರಿಸಿ, "ಮುಂದಿನ ಪೈಪ್ ಲೈನ್ ಅಲ್ಲಿ" ಎಂದರಷ್ಟೆ. ಮೂರು ದಿನ ಹೊತ್ತೆ!

ಒಂಬತ್ತನೇ ದಿನ ತೋಟವೆಲ್ಲ ಬೆಳ್ಳಗೆ ಅರಳಿ ಘಮ್ಮೆಂದಿತು. ಖುಷಿಗೆ ನನ್ನ ಕಣ್ಣು ತುಂಬಿತು. ಮಾವ ನನ್ನ ಹೆಗಲಿಗೆ ಒಂದು ಪೈಪ್ ಕೊಟ್ಟು, ಹೂವಿನ ನಡುವೆ ನಿಲ್ಲಿಸಿ ಫೋಟೊ ತೆಗೆದರು. "ನಮ್ಮ ಅಳಿಯಂದಿರ ಕೈಗುಣ" ಎಂದು ಬರೆದು ಗ್ರೂಪಿಗೆ ಹಾಕಿದರು. ತಕ್ಷಣ ಟಣ್ ಟಣ್ ಎಂದು ಒಂಬತ್ತು ಮೆಸೇಜು!

"ನೋಡೇ, ಎಲ್ರಿಗೂ ನನ್ನ ಯಂತ್ರ ಬೇಕಂತೆ!" ಎಂದು ಎದೆಯುಬ್ಬಿಸಿದೆ.

ನಾಗಶ್ರೀ ಫೋನ್ ಇಸಿದುಕೊಂಡು ಓದಿದಳು: "ಅಳಿಯಂದ್ರು ಪೈಪ್ ಹೊರೋಕೆ ನಮ್ಮ ತೋಟಕ್ಕೂ ಬರ್ತಾರಾ?"