ಚಿಕಾಗೋ ದನದ ಹಿಂಗಾಲು

ಕಳೆದ ಅಕ್ಟೋಬರಿನ ಒಂದು ಶುಕ್ರವಾರ, ಗಲ್ಫಿನ ಫಹಾಹೀಲಿನ ಪಾರ್ಟಿ ಹಾಲಿನಲ್ಲಿ, ಚಿಕಾಗೋ ನಗರವು ನಿಗದಿತ ಸಮಯಕ್ಕಿಂತ ಮೊದಲೇ ಸುಟ್ಟುಹೋಯಿತೆಂಬುದನ್ನು ನಮ್ಮ ಕಡಲಬಳ್ಳಿ ಸ್ನೇಹಕೂಟದ ಸರ್ವ ಸದಸ್ಯರ ಅವಗಾಹನೆಗೆ ತರಲಾಗಿದೆ. ಕಾರ್ಯಕ್ರಮ ಪಟ್ಟಿಯ ಪ್ರಕಾರ ಅದು ಊಟಕ್ಕೆ ಸ್ವಲ್ಪ ಮುಂಚೆ ಸುಡಬೇಕಿತ್ತು. ಉದ್ಘಾಟನೆಯ ವೇಳೆಗೇ ಸುಟ್ಟಿತು.

ನಾನು ಕೂಟದ ಕಾರ್ಯದರ್ಶಿ. ಕಾರ್ಯದರ್ಶಿಗೆ ಸ್ವಂತ ಅಭಿಪ್ರಾಯ ಇರಕೂಡದೆಂದು ನಮ್ಮ ನಿಯಮಾವಳಿಯಲ್ಲಿದೆ. ಅಕಸ್ಮಾತ್ ಬಂದರೆ ಅದು ಅಧ್ಯಕ್ಷರ ಅಭಿಪ್ರಾಯವೇ ಆಗಿರತಕ್ಕದ್ದು ಎಂದು ಉಪನಿಯಮವೂ ಇದೆ. ಆದ್ದರಿಂದ ಮುಂದೆ ಬರೆದಿರುವುದನ್ನು ಯಾರೂ ನನ್ನ ತಲೆಗೆ ಕಟ್ಟಬಾರದು.

ನಮ್ಮ ಕೂಟ ವರ್ಷಕ್ಕೊಮ್ಮೆ 'ಮಹಾನಗರ ಸಂಜೆ' ನಡೆಸುತ್ತದೆ. ಈ ಸಲ ಚಿಕಾಗೋ. ಚಿಕಾಗೋವೇ ಏಕೆಂದು ಕೆಲವರು ಕೇಳಿದರು. ನಮ್ಮ ವಜ್ರ ಪ್ರಾಯೋಜಕರಾದ ಡೋಲ್ಫಿಯವರ ಟ್ರಾವೆಲ್ಸಿನಲ್ಲಿ ಚಿಕಾಗೋ ಟಿಕೆಟಿಗೆ ರಿಯಾಯಿತಿ ಇತ್ತು. ಇದಕ್ಕಿಂತ ದೊಡ್ಡ ಸಾಂಸ್ಕೃತಿಕ ಕಾರಣ ಬೇಕಾದವರು ಬೇರೆ ಕೂಟ ಕಟ್ಟಿಕೊಳ್ಳಲಿ.

ಆ ಊರಿನಲ್ಲಿ ಹುರುಳಿ ಬೀಜದ ಆಕಾರದ ಭಾರಿ ಉಕ್ಕಿನ ಶಿಲ್ಪವೊಂದಿದೆ. ಜನ ಅದರ ಮುಂದೆ ನಿಂತು ತಮ್ಮ ಮುಖವನ್ನೇ ನೋಡಿಕೊಂಡು ಬರುತ್ತಾರೆ. ನಾವು ಬಿರಿಯಾನಿಯ ದೊಡ್ಡ ಪಾತ್ರೆಯನ್ನು ಕವುಚಿ ಹಾಕಿ ತಿಕ್ಕಿಸಿದೆವು. ಅಲ್ಲಿ ವರ್ಷಕ್ಕೊಂದು ದಿನ ನದಿಗೆ ಹಸಿರು ಬಣ್ಣ ಹಾಕುವ ಪದ್ಧತಿಯಿದೆ. ನಾವು ಮಕ್ಕಳ ಪ್ಲಾಸ್ಟಿಕ್ ಈಜುಕೊಳಕ್ಕೆ ನೀರು ತುಂಬಿ ಶರಬತ್ತಿನ ಬಣ್ಣ ಕದಡಿದೆವು. ಹಿಂದೆ ಥರ್ಮಕೋಲಿನ ಗಗನಚುಂಬಿಗಳು. ಒಟ್ಟಿನಲ್ಲಿ ನೋಡಿದರೆ ಚಿಕಾಗೋ ಎಂದೇ ಅನಿಸುತ್ತಿತ್ತು, ಬೋರ್ಡೂ ಇತ್ತು.

ಮುಖ್ಯ ಆಕರ್ಷಣೆ ಕಿರುನಾಟಕ. ಸಾವಿರದ ಎಂಟುನೂರ ಎಪ್ಪತ್ತೊಂದರಲ್ಲಿ ಚಿಕಾಗೋ ಸುಟ್ಟದ್ದು ಕೊಟ್ಟಿಗೆಯಲ್ಲಿದ್ದ ದನವೊಂದು ಲಾಟೀನನ್ನು ಒದ್ದದ್ದರಿಂದ ಎಂದು ಪ್ರತೀತಿ. ದನದ ಯಜಮಾನಿಯ ಪಾತ್ರ ಆಸ್ಪತ್ರೆಯಲ್ಲಿ ನರ್ಸ್ ಆಗಿರುವ ತೆರೆಸಾಬಾಯಿಯವರದ್ದು. ದನದ ಮುಂಭಾಗಕ್ಕೆ ಅಧ್ಯಕ್ಷ ಸದಾನಂದರ ಸೋದರಳಿಯ ತಿಲಕ್. ಹಿಂಭಾಗಕ್ಕೆ ಸದಸ್ಯರಾರೂ ಒಪ್ಪಲಿಲ್ಲ. ಫೋಟೋದಲ್ಲಿ ಮುಖ ಬರುವುದಿಲ್ಲವಲ್ಲ! ಕೊನೆಗೆ ಆ ಹಾಲಿನಲ್ಲೇ ಕುರ್ಚಿ ಜೋಡಿಸುವ ಕೆಲಸದ ಅಪ್ಪಿಯಣ್ಣನನ್ನು ಕರೆದೆವು. "ಬಗ್ಗಿ ನಿಲ್ಲುವುದಲ್ವಾ, ಅಭ್ಯಾಸ ಉಂಟು" ಎಂದು ಒಪ್ಪಿಕೊಂಡರು.

ಹಾಲಿನಲ್ಲಿ ಬೆಂಕಿ ನಿಷಿದ್ಧ. ಆದ್ದರಿಂದ ದನ ಒದೆಯಬೇಕಾದ ಲಾಟೀನಿಗೆ ಬ್ಯಾಟರಿ ಹಾಕಿದ್ದೆವು. ಉದ್ಘಾಟನೆಯ ದೀಪಕ್ಕೆ ಮಾತ್ರ ಈ ನಿಷೇಧ ಅನ್ವಯಿಸಲಿಲ್ಲ. ದೀಪ ಬೆಂಕಿಯಲ್ಲ, ಸಂಸ್ಕೃತಿ ಎಂದು ಅಧ್ಯಕ್ಷರು ಮೊದಲೇ ತೀರ್ಪು ಕೊಟ್ಟಿದ್ದರು.

ದೀಪಕ್ಕೆ ಬತ್ತಿ ಐದು, ಪ್ರಾಯೋಜಕರು ಹದಿನಾಲ್ಕು ಮಂದಿ. ಒಬ್ಬರು ಹಚ್ಚುವುದು, ನಾನು ಆರಿಸುವುದು, ಮತ್ತೊಬ್ಬರು ಹಚ್ಚುವುದು, ಹೀಗೆ ಸುಸೂತ್ರವಾಗಿ ಸಾಗಿತು. ಕೊನೆಯವರು ಡೋಲ್ಫಿ. ಇನ್ನೊಬ್ಬರು ಹಚ್ಚಿದ ಬತ್ತಿಯನ್ನು ವಜ್ರ ಪ್ರಾಯೋಜಕರಿಗೆ ಕೊಡುವುದುಂಟೇ? ಅವರ ಕೈಗೆ ಪ್ರತ್ಯೇಕವಾಗಿ ಒಂದು ಉದ್ದದ ಮೇಣದಬತ್ತಿ ಕೊಟ್ಟೆವು. ಫೋಟೋ ತೆಗೆಯುವವನು "ಸ್ವಲ್ಪ ಹಿಂದೆ ಸರ್, ಇನ್ನೂ ಸ್ವಲ್ಪ" ಎಂದ. ಹಿಂದೆ ಚಿಕಾಗೋ ಇತ್ತು.

ಜನ ಚಪ್ಪಾಳೆ ತಟ್ಟಿದರು. ಪರದೆಗೂ ಹತ್ತಿಕೊಂಡಾಗ ಇನ್ನೂ ಜೋರಾಗಿ ತಟ್ಟಿದರು. ಆಗ ಬದಿಯ ಕೋಣೆಯಿಂದ ದನದ ಹಿಂಭಾಗ ಒಂದೇ ಓಡಿ ಬಂತು, ಬಾಲ ಸಮೇತ. ಅಪ್ಪಿಯಣ್ಣ ಈಜುಕೊಳವನ್ನು ತಬ್ಬಿ ಎಳೆದು ತಂದು ಇಡೀ ಚಿಕಾಗೋ ನದಿಯನ್ನು ಬೆಂಕಿಗೆ ಸುರಿದರು. ಬೆಂಕಿ ಆರಿತು. ಪ್ರಾಯೋಜಕರ ಬಿಳಿ ಅಂಗಿಗಳೆಲ್ಲ ಹಸಿರಾದವು.

ಮರುದಿನ ಹಾಲಿನ ಮ್ಯಾನೇಜರ್ ಅಜ್ಮಲ್ ನಮ್ಮಲ್ಲಿಗೆ ಬಂದರು. ಉಳ್ಳಾಲದ ಕಡೆಯ ಸಜ್ಜನರು.

"ಸೆಕ್ರೆಟ್ರಿಯವರೇ, ಹಾಲಿನ ಯಜಮಾನ್ರು, ನಮ್ಮ ಕಫೀಲ್, ಒಂದು ಹೆಸರು ಕೇಳ್ತಿದ್ದಾರೆ. ಹೊರಗಿನವರ ಹೆಸರಾದ್ರೆ ಪೊಲೀಸ್ ಕಂಪ್ಲೇಂಟ್. ನಮ್ಮ ಕೆಲಸದವನದ್ದಾದ್ರೆ ಇಕಾಮಾ ಖಲಾಸ್, ಇಲ್ಲಿರುವ ಪರವಾನಗಿಯೇ ರದ್ದು, ಸೀದಾ ಊರಿಗೆ. ನಂಗೆ ಎರಡೂ ಒಂದೇ. ಯಲ್ಲಾ, ಬೇಗ ಹೇಳಿ."

ಕೂಡಲೇ ತನಿಖಾ ಸಮಿತಿ ರಚನೆಯಾಯಿತು. ಬೆಂಕಿ ಹೊತ್ತಿದಾಗ ಅತ್ಯಂತ ಸಮೀಪದಲ್ಲಿದ್ದವರು ಡೋಲ್ಫಿಯೇ ಆದ್ದರಿಂದ, ಅವರಿಗಿಂತ ವಿಷಯ ಬಲ್ಲವರಿಲ್ಲವೆಂದು ಅವರನ್ನೇ ಮುಖ್ಯಸ್ಥರನ್ನಾಗಿ ಮಾಡಲಾಯಿತು.

ವಿಡಿಯೋ ನೋಡಿದೆವು. ಮೇಣದಬತ್ತಿಯ ಭಾಗ ಬಂದಾಗ ಡೋಲ್ಫಿ, "ಇಲ್ಲಿ ಬೆಳಕು ಜಾಸ್ತಿ, ಸ್ಪಷ್ಟ ಇಲ್ಲ. ಮುಂದೆ ಓಡಿಸಿ" ಎಂದರು. ಓಡಿಸಿದೆವು. ಬೆಂಕಿ ಕಂಡಿತು, ಪಕ್ಕದಲ್ಲಿ ದನ ಕಂಡಿತು.

"ಬೆಂಕಿಯೂ ಉಂಟು, ದನವೂ ಉಂಟು," ಎಂದರು ಅಧ್ಯಕ್ಷರು. "ಇತಿಹಾಸವೂ ಅದನ್ನೇ ಹೇಳುವುದು. ಇನ್ನೆಂತ ಬೇಕು?"

"ಆದರೆ ದನದಲ್ಲಿ ಇಬ್ಬರಿದ್ದಾರಲ್ಲ ಸರ್?" ಎಂದು ನಾನು ಕೇಳಿದೆ. ದಾಖಲೆಗೆ ಬೇಕಿತ್ತು.

"ಒದೆಯುವುದು ಯಾವ ಕಾಲು ಮಾರಾಯ್ರೆ? ಹಿಂಗಾಲು," ಎಂದರು ಅಧ್ಯಕ್ಷರು. ತಿಲಕ್ ಅಲ್ಲಿಂದೆದ್ದು ಚಹಾ ಕುಡಿಯಲು ಹೋದ.

ಅಪ್ಪಿಯಣ್ಣನನ್ನು ಕರೆಸಿದೆವು. ಕೈಗೆ ಬ್ಯಾಂಡೇಜು ಕಟ್ಟಿತ್ತು. "ನಾನು ನೀರು ಹಾಕಿದ್ದಲ್ವಾ?" ಎಂದರು.

"ನೀರಲ್ಲ, ನದಿ," ಎಂದರು ಡೋಲ್ಫಿ. "ಒಂದು ಮಹಾನಗರದ ನದಿಯನ್ನು ಅನುಮತಿಯಿಲ್ಲದೆ ಖಾಲಿ ಮಾಡಿದ್ದು ಎರಡನೇ ಆರೋಪ."

"ಒಂದು ವರ್ಷ ಬಿಡಿ ದಣಿಗಳೇ. ಇಕಾಮಾ ರಿನ್ಯೂ ಆಗ್ಬೇಕಾದ್ದು ಇದೇ ತಿಂಗಳು. ಮಗಳು ಅಕ್ಷಿತಾ ನರ್ಸಿಂಗ್ ಕೊನೆಯ ವರ್ಷ. ಅದೊಂದು ಮುಗಿದ್ರೆ ನಾನೇ ಹೋಗ್ತೇನೆ, ಯಾರೂ ಕಳಿಸುವುದು ಬೇಡ."

ನನ್ನ ನಾಲಿಗೆಯ ತುದಿಗೆ ಒಂದು ಮಾತು ಬಂತು. ಅದು ಅಭಿಪ್ರಾಯವಾಗಿ ಬೆಳೆಯುವ ಮೊದಲೇ ಒಂದು ಲೋಟ ನೀರು ಕುಡಿದೆ.

ಅಷ್ಟರಲ್ಲಿ ತೆರೆಸಾಬಾಯಿ ಎದ್ದು ನಿಂತರು. "ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಹಾಕ್ತೀರಲ್ಲ, ನಾಚಿಕೆ ಆಗುವುದಿಲ್ವಾ ನಿಮಗೆ?"

"ದನದ ವಿಷಯ ಮಾತ್ರ ಮಾತಾಡಿ ಬಾಯಿ," ಎಂದರು ಅಧ್ಯಕ್ಷರು. "ಎಮ್ಮೆ ಇವತ್ತಿನ ಕಾರ್ಯಸೂಚಿಯಲ್ಲಿ ಇಲ್ಲ."

"ದನದ್ದೇ ಹೇಳ್ತೇನೆ, ಕೇಳಿ. ಪಾತ್ರಕ್ಕೆ ಅಂತ ನಾನು ಓದಿದ್ದೇನೆ. ಆ ಚಿಕಾಗೋ ದನ ಎಂತದೂ ಮಾಡಿರ್ಲಿಲ್ಲ. ಒಬ್ಬ ಪತ್ರಕರ್ತ ಕಟ್ಟಿದ ಕತೆ ಅಂತೆ ಅದು. ತೊಂಬತ್ತೇಳರಲ್ಲಿ ಅಲ್ಲಿಯ ನಗರಸಭೆಯೇ ಠರಾವು ಮಾಡಿ ದನಕ್ಕೂ ಯಜಮಾನಿಗೂ ತಪ್ಪಿಲ್ಲ ಅಂತ ಹೇಳಿದೆ. ಗೊತ್ತುಂಟಾ?"

ಅಪ್ಪಿಯಣ್ಣನ ಮುಖ ಅರಳಿತು. ಡೋಲ್ಫಿ ಟೈ ಸಡಿಲಿಸಿಕೊಂಡರು. ಅಧ್ಯಕ್ಷರು ಮಾತ್ರ ಶಾಂತರಾಗಿದ್ದರು. ಸುಮ್ಮನೆ ಹದಿನೆಂಟು ವರ್ಷ ಅಧ್ಯಕ್ಷರಾಗಿಲ್ಲ ಅವರು.

"ಬೆಂಕಿ ಬಿದ್ದು ಎಷ್ಟು ವರ್ಷ ಆದ ಮೇಲೆ ಹಾಗೆ ಹೇಳಿದ್ದು ಬಾಯಿ?"

ತೆರೆಸಾಬಾಯಿ ಲೆಕ್ಕ ಹಾಕಿದರು. "ನೂರ ಇಪ್ಪತ್ತಾರು."

"ನೋಡಿದ್ರಾ! ಸ್ವತಃ ಚಿಕಾಗೋದವರೇ ಅಷ್ಟು ತಾಳ್ಮೆಯಿಂದ ಕಾದಿದ್ದಾರೆ. ಅವರ ಪರಂಪರೆ ಮುರಿಯಲಿಕ್ಕೆ ನಾವು ಯಾರು?"

ಕೆಳಗಿನ ಠರಾವು ಸರ್ವಾನುಮತದಿಂದ ಅಂಗೀಕಾರವಾಯಿತು:

"ಚಿಕಾಗೋ ನಗರದ ಇತಿಹಾಸವನ್ನು ಗೌರವಿಸಿ, ಸದರಿ ಬೆಂಕಿಗೆ ದನದ ಹಿಂಭಾಗವೇ ಹೊಣೆಯೆಂದು ಸದ್ಯಕ್ಕೆ ತೀರ್ಮಾನಿಸಲಾಗಿದೆ. ಅದೇ ನಗರದ ಸಂಪ್ರದಾಯದಂತೆ, ಇಂದಿನಿಂದ ನೂರ ಇಪ್ಪತ್ತಾರನೇ ವರ್ಷದಲ್ಲಿ ಶ್ರೀ ಅಪ್ಪಿಯವರನ್ನು ಸಂಪೂರ್ಣ ನಿರ್ದೋಷಿಯೆಂದು ಘೋಷಿಸತಕ್ಕದ್ದು. ಆಗಿನ ಕಾರ್ಯದರ್ಶಿಯವರು ತಪ್ಪದೆ ಕ್ರಮ ಕೈಗೊಳ್ಳುವುದು."

ತೆರೆಸಾಬಾಯಿ ಠರಾವನ್ನು ಎರಡು ಸಲ ಓದಿದರು. "ಆ 'ಸಂಪೂರ್ಣ' ಅನ್ನುವುದು ಖಂಡಿತ ಇರ್ತದಲ್ಲ?" ಎಂದು ಕೊನೆಗೆ ಕೇಳಿದರು. ಇರುತ್ತದೆ ಎಂದೆ. ಅವರಿಗೆ ಡ್ಯೂಟಿಗೆ ತಡವಾಗಿತ್ತು. ಅನುಮೋದಕರ ಜಾಗದಲ್ಲಿ ಸಹಿ ಹಾಕಿ ಹೋದರು.

ಅಪ್ಪಿಯಣ್ಣನ ಬೀಳ್ಕೊಡುಗೆಯಲ್ಲಿ ಕೂಟ ಜಿಪುಣತನ ತೋರಿಸಿತೆಂದು ಯಾರೂ ಹೇಳುವಂತಿಲ್ಲ. ವಿಮಾನ ನಿಲ್ದಾಣಕ್ಕೇ ಹೋಗಿ ಶಾಲು ಹೊದಿಸಿ, ಹಾರ ಹಾಕಿ, ಹಣ್ಣಿನ ಬುಟ್ಟಿ ಕೊಟ್ಟೆವು. 'ಕಲಾವಿದರಿಗೆ ಸನ್ಮಾನ' ಎಂಬ ಬ್ಯಾನರೂ ಇತ್ತು. ಡೋಲ್ಫಿ ಕೈಕುಲುಕಿದರು, ಬ್ಯಾಂಡೇಜು ಇಲ್ಲದ ಕೈಯನ್ನು. ಫೋಟೋದಲ್ಲಿ ಮೊದಲ ಸಲ ಅಪ್ಪಿಯಣ್ಣನ ಮುಖ ಬಂತು.

ಒಳಗೆ ಹೋಗುವ ಮುಂಚೆ ಅವರು ನನ್ನನ್ನು ಬದಿಗೆ ಕರೆದರು. ಬೈಯುತ್ತಾರೇನೋ ಎಂದುಕೊಂಡೆ, ಬೈದಿದ್ದರೆ ಒಳ್ಳೆಯದಿತ್ತು.

"ಸೆಕ್ರೆಟ್ರಿಯವರೇ, ಈಗ ನಂಗೆ ಐವತ್ತನಾಲ್ಕು. ಆ ಕಾಗದ ಬರುವಾಗ ನೂರ ಎಂಬತ್ತಾಗ್ತದೆ. ನಾನು ಮನೆಯಲ್ಲಿ ಇಲ್ಲದಿದ್ರೂ ಯಾರಾದ್ರೂ ಇರ್ತಾರೆ. ಅವರಿಗೆ ಗೊತ್ತಾದ್ರೆ ಸಾಕು, ಅಪ್ಪಿ ಬೆಂಕಿ ಹಾಕಿದವನಲ್ಲ ಅಂತ. ವಿಳಾಸ ಬರ್ಕೊಳ್ಳಿ."

ಬರೆದುಕೊಂಡೆ. ಪಿನ್‌ಕೋಡ್ ಸಮೇತ ನಿಧಾನವಾಗಿ ಹೇಳಿದರು. ಗುರುತಿಗೆ ಏನು ಬರೆಯಲಿ ಎಂದು ಕೇಳಿದೆ.

"ಎದುರಿಗೆ ಹಲಸಿನ ಮರ ಉಂಟು," ಎಂದರು. ಆಮೇಲೆ ಸ್ವಲ್ಪ ಯೋಚಿಸಿದರು. "ಅದು ಅಷ್ಟು ವರ್ಷ ಇರ್ಲಿಕ್ಕಿಲ್ಲ. ಬಾವಿ ಅಂತ ಬರೀರಿ. ಬಾವಿ ಇರ್ತದೆ."

ಹಲಸಿನ ಮರ ಹೊಡೆದುಹಾಕಿ, ಬಾವಿ ಎಂದು ತಿದ್ದಿ, ತಿದ್ದಿದ ಕಡೆ ನಿಯಮದಂತೆ ಸಹಿ ಹಾಕಿದೆ.