ಎಪ್ಪತ್ತೇಳರಲ್ಲಿ ಹದಿನೇಳು ಹೋದರೆ

ಎಪ್ಪತ್ತೇಳು ಜನ ಎಂದು ಎಲ್ಲರೂ ಒಪ್ಪಿಕೊಂಡಾಗ ಚಂದ್ರಹಾಸನೂ ಸುಮ್ಮನಿದ್ದಿದ್ದರೆ ಆಗುತ್ತಿತ್ತು. ಆದರೆ ಬಿ.ಎಸ್ಸಿ.ಯಲ್ಲಿ ಗಣಿತ ಓದಿದವನ ಬಾಯಿ ಸುಮ್ಮನಿರುತ್ತದೆಯೆ?

೧೯೯೮ರ ಆ ಸೋಮವಾರ ಭದ್ರಾವತಿಯ ಕಾರ್ಖಾನೆಯೊಂದರಲ್ಲಿ ಹಂಗಾಮಿಗಳನ್ನು ಕಾಯಂ ಮಾಡುವ ಮಾತು ಬಂದಿತ್ತು. ಇದ್ದದ್ದು ಅರವತ್ತು ಹುದ್ದೆ. ಪಟ್ಟಿ ಅರವತ್ತು ದಾಟಿದರೆ ಫೈಲು ವಾಪಸ್ಸು, ಯಾರಿಗೂ ಇಲ್ಲ. ಹಳೇ ಯೂನಿಯನ್ನಿನ ಹಿರಿಯಣ್ಣ ತನ್ನವರು ನಲವತ್ತೆರಡು ಎಂದ. ಹೊಸ ಯೂನಿಯನ್ನಿನ ಜಂಬಣ್ಣ ಮೂವತ್ತೈದು ಎಂದ. ಹೆಸರುಗಳನ್ನು ಮಾತ್ರ ಇಬ್ಬರೂ ಬಿಟ್ಟುಕೊಡಲಿಲ್ಲ. ಆಫೀಸರ್ ಉಮಾಮಹೇಶ್ವರ ಎರಡನ್ನೂ ಕೂಡಿ, ನಿಟ್ಟುಸಿರು ಬಿಟ್ಟು, ಫೈಲು ಮುಚ್ಚಲು ಹೊರಟರು.

ಸ್ಟೋರ್ಸಿನ ಚಂದ್ರಹಾಸ ಹನ್ನೊಂದು ವರ್ಷದಿಂದ ಹಂಗಾಮಿ. ಶಿವಮೊಗ್ಗದ ಗೋಪಾಳದಿಂದ ದಿನಾ ಬಸ್ಸಿನಲ್ಲಿ ನಿಂತೇ ಬರುವವನು. ಬಾಗಿಲಲ್ಲಿ ನಿಂತು ಎಲ್ಲ ಕೇಳಿದ್ದ ಅವನು, ಮುಖಂಡರಿಬ್ಬರೂ ಎದ್ದು ಹೋದದ್ದೇ ಒಳಗೆ ಬಂದ.

"ಸಾರ್, ಎರಡೂ ಕಡೆ ಇರೋರನ್ನ ಎರಡು ಸಲ ಎಣಿಸಿದೀರಿ. ಒಂದು ಸಲ ಕಳೀಬೇಕು."

"ಎರಡೂ ಕಡೆ ಯಾರಯ್ಯ ಇರ್ತಾರೆ? ಇವರನ್ನ ಕಂಡ್ರೆ ಅವರಿಗೆ ಆಗಲ್ಲ."

ಇರುತ್ತಾರೆ. ಯಾವ ಯೂನಿಯನ್ನಿನ ಕೈ ಯಾವಾಗ ಮೇಲಾಗುತ್ತದೋ ಎಂದು ಎರಡಕ್ಕೂ ಚಂದಾ ಕಟ್ಟಿ, ಎರಡು ಜೇಬಿನಲ್ಲಿ ಎರಡು ರಸೀದಿ ಇಟ್ಟುಕೊಳ್ಳುವುದು ಅಲ್ಲಿಯ ಹಂಗಾಮಿಗಳ ರೂಢಿ. ಚಂದ್ರಹಾಸನ ಹತ್ತಿರವೂ ಎರಡಿದ್ದವು.

"ಐದು ಗಂಟೆ ಒಳಗೆ ತೋರ್ಸು, ನೋಡೋಣ" ಎಂದರು ಆಫೀಸರು.

"ನಾನಾ? ಎರಡು ಕಡೆಯಾ? ನಾಲಿಗೆ ಬಿದ್ದೋಗುತ್ತೆ ನೋಡು!" ಎಂದು ಲೇತ್ ಮೆಷಿನ್ನಿನ ಶೇಷಪ್ಪ ಗದರಿದ. ಕಾಯಂ ಎಂಬ ಮಾತು ಕೇಳಿದ್ದೇ ಮೂಲೆಗೆ ಎಳೆದುಕೊಂಡು ಹೋಗಿ, "ಇದೀನಿ ಮಾರಾಯ, ಯಾರಿಗೂ ಹೇಳ್ಬೇಡ" ಎಂದ. ಕ್ಯಾಂಟೀನಿನ ಕರಿಬಸಮ್ಮ ಸೆರಗಿನ ಗಂಟು ಬಿಚ್ಚಿ ಎರಡೂ ರಸೀದಿ ತೋರಿಸಿದಳು. "ನಂಬರ್ ಸಾಕು, ಹೆಸರು ಹೇಳಲ್ಲ" ಎಂದು ಚಂದ್ರಹಾಸ ಒಬ್ಬೊಬ್ಬರಿಗೂ ಆಣೆ ಮಾಡಿದ. ಮಧ್ಯಾಹ್ನದ ಹೊತ್ತಿಗೆ ಹದಿನಾರು ಜನ ಸಿಕ್ಕರು. ತನ್ನನ್ನೂ ಸೇರಿಸಿ ಹದಿನೇಳು. ಎಪ್ಪತ್ತೇಳರಲ್ಲಿ ಹದಿನೇಳು ಹೋದರೆ ಸರಿಯಾಗಿ ಅರವತ್ತು! ಊಟದ ಡಬ್ಬಿ ಬಿಚ್ಚದೆ ಓಡಿದ.

"ಬರೀ ನಂಬರ್ ತಗೊಂಡು ನಾನೇನು ಮಾಡ್ಲಿ? ಹೆಸರು ಬರಿ" ಎಂದರು ಆಫೀಸರು.

ಎಲ್ಲರ ಒಳ್ಳೆಯದಕ್ಕೇ ತಾನೆ ಎಂದು ಆಣೆ ಮುರಿದು, ಮುತ್ತಿನಂಥ ಅಕ್ಷರದಲ್ಲಿ ಹದಿನೇಳು ಹೆಸರು ಬರೆದುಕೊಟ್ಟ.

ಆಫೀಸರು ಆ ಹೆಸರುಗಳನ್ನು ಇಬ್ಬರು ಮುಖಂಡರಿಗೂ ತೋರಿಸಿ, ಟೀ ಹೊತ್ತಿಗೆ ಗುಟ್ಟು ರಟ್ಟಾಗಿತ್ತು. ಶೇಷಪ್ಪ ಹಿರಿಯಣ್ಣನ ಕಾಲಿಗೆ ಬಿದ್ದು, "ಅಣ್ಣಾ, ಎರಡೂ ಕಡೆ ಕಟ್ರಿ ಅಂತ ತಲೆ ಕೆಡಿಸಿದ್ದೇ ಆ ಚಂದ್ರಹಾಸ" ಎಂದ. ಕರಿಬಸಮ್ಮ ಅದೇ ಮಾತನ್ನು ಜಂಬಣ್ಣನ ಮುಂದೆ ಅತ್ತುಕೊಂಡು ಹೇಳಿದಳು. ಹದಿನಾರು ಓಟು ಕಳೆದುಕೊಳ್ಳಲು ಯಾವ ಮುಖಂಡನಿಗೂ ಮನಸ್ಸಿಲ್ಲ. ಇಬ್ಬರೂ ಧಾರಾಳವಾಗಿ ಕ್ಷಮಿಸಿದರು. ಆದರೆ ಬಂದ ಕೋಪ ಯಾರ ಮೇಲಾದರೂ ಇಳಿಯಬೇಕಲ್ಲ.

ಐದು ಗಂಟೆಗೆ ಚಂದ್ರಹಾಸನಿಗೆ ಕರೆ ಬಂತು. ಮುಖ ಕೊಟ್ಟು ಮಾತಾಡದ ಆ ಇಬ್ಬರು ಮುಖಂಡರು ಒಂದೇ ಬೆಂಚಿನಲ್ಲಿ ಕೂತು ಕಾಫಿ ಕುಡಿಯುತ್ತಿದ್ದರು. ನನ್ನ ಗಣಿತದಿಂದ ಎಂಥ ಒಗ್ಗಟ್ಟು ಬಂತು ಎಂದು ಅವನ ಎದೆ ಉಬ್ಬಿತು.

"ನಿನ್ನ ದಾರೀನೇ ಸರಿ ಕಣಯ್ಯ" ಎಂದರು ಉಮಾಮಹೇಶ್ವರ. "ಈಗ ಹಳೇದ್ರಲ್ಲಿ ನಲವತ್ತೊಂದು, ಹೊಸದ್ರಲ್ಲಿ ಮೂವತ್ನಾಲ್ಕು, ಎರಡರಲ್ಲೂ ಇರೋರು ಹದಿನಾರು. ಎಷ್ಟಾಯ್ತು?"

"ಐವತ್ತೊಂಬತ್ತು ಸಾರ್." ಉತ್ತರ ಬಾಯಿಂದ ಬಂದ ಮೇಲೆ, ಕಡಿಮೆಯಾದ ಆ ಒಬ್ಬ ಯಾರೆಂದು ಹೊಳೆಯಿತು.

"ಇಬ್ಬರೂ ನಿನ್ನ ಹೆಸರು ಹೊಡೆದು ಹಾಕಿದಾರೆ. ಪಟ್ಟೀಲಿ ಇಲ್ಲದವನನ್ನ ನಾನು ತಗೊಳ್ಳೋ ಹಾಗಿಲ್ಲ."

"ಒಂದು ಹುದ್ದೆ ಉಳೀತಲ್ಲ ಸಾರ್!" ಚಂದ್ರಹಾಸ ಮೇಜಿನ ಹತ್ತಿರಕ್ಕೆ ಬಂದ. "ಹನ್ನೊಂದು ವರ್ಷ ಸಾರ್..."

"ಅದಕ್ಕೂ ಹೆಸರು ಬಂದಿದೆ. ಆನಂದ್ ಅಂತ. ಇಬ್ಬರೂ ಒಪ್ಪಿ ಸಹಿ ಹಾಕಿದಾರೆ."

ಆನಂದ್ ಎಂಬ ಹಂಗಾಮಿ ಇಡೀ ಕಾರ್ಖಾನೆಯಲ್ಲಿ ಇರಲಿಲ್ಲ. "ಯಾರು ಸಾರ್ ಅದು?"

"ನನ್ನ ತಂಗಿ ಮಗ" ಎಂದ ಹಿರಿಯಣ್ಣ.

"ನನ್ನ ಅಳಿಯ" ಎಂದ ಜಂಬಣ್ಣ, ಲೋಟ ಕೆಳಗಿಡುತ್ತ. "ಮತ್ತೆ ಎರಡು ಸಲ ಎಣಿಸ್ಬೇಡ ಮಾರಾಯ, ಒಬ್ಬನೇ."